ಸುಕುಮಾರ್ ರಾಯ್ ಅವರ ಚಿತ್ರಗಳ ಬಗ್ಗೆ ಮಾತಾಡೋಣ ಬನ್ನಿ

ಪುಟಗಳನಡುವೆ

ಸುಕುಮಾರ್ ರಾಯ್ ಅಂದ ಕೂಡಲೇ ಸಾಮಾನ್ಯವಾಗಿ ಎರಡು ಮಾತು ಬರುತ್ತವೆ. ಒಂದು, ಸತ್ಯಜಿತ್ ರಾಯ್ ಅವರ ತಂದೆ. ಇನ್ನೊಂದು, ಬಂಗಾಳಿ ಮಕ್ಕಳಿಗೆ ತಲೆಬುಡ ಇಲ್ಲದ ಪದ್ಯ ಬರೆದು ನಗಿಸಿದವರು. ಎರಡೂ ಸರಿ. ಆದರೆ ಆ ಪದ್ಯಗಳಿಗೆ ಚಿತ್ರ ಬರೆದವರೂ ಅವರೇ ಅನ್ನುವುದು ಯಾರಾದರೂ ನೆನಪಿಸಿದರೆ ಮಾತ್ರ ಬರುತ್ತದೆ. ಇದು ನನ್ನನ್ನು ತುಂಬಾ ದಿನದಿಂದ ಕೊರೆಯುತ್ತಿದೆ. ಅದಕ್ಕೇ ಈ ಚರ್ಚೆ ಶುರು ಮಾಡುತ್ತಿದ್ದೇನೆ.

ನಾನು ಹೇಳಬೇಕು ಅಂದುಕೊಂಡದ್ದು ಇಷ್ಟೇ. ಅವರ ಪದ್ಯದಿಂದ ಚಿತ್ರ ಕಿತ್ತರೆ ಪದ್ಯ ಅರ್ಧ ಆಗುತ್ತದೆ. ಆ ಚಿತ್ರಗಳು ಹಾಗಿರುವುದಕ್ಕೆ ಅವರ ಕಸುಬೇ ಕಾರಣ. ಅವರ ಕಸುಬು ಅಚ್ಚು. ಹೊಟ್ಟೆಪಾಡಿಗೆ ಪ್ರೆಸ್ಸು, ಖುಷಿಗೆ ಪದ್ಯ ಅಂತ ಎರಡು ಬದುಕು ಅವರಿಗೆ ಇರಲಿಲ್ಲ.

ಮನೆಯಿಂದಲೇ ಶುರು ಮಾಡಬೇಕು. ತಂದೆ ಉಪೇಂದ್ರಕಿಶೋರ್ ರಾಯ್‌ಚೌಧುರಿ ಮಕ್ಕಳಿಗೆ ಕಥೆ ಬರೆಯುತ್ತಿದ್ದರು, ತಾವೇ ಚಿತ್ರ ಬಿಡಿಸುತ್ತಿದ್ದರು. ಆಗ ಚಿತ್ರ ಪುಸ್ತಕಕ್ಕೆ ಬರಬೇಕಾದರೆ ಬೇರೆ ಯಾರೋ ಅದನ್ನು ಮರದ ಹಲಗೆಯಲ್ಲಿ ಕೆತ್ತಬೇಕಿತ್ತು. ಮಕ್ಕಳ ರಾಮಾಯಣಕ್ಕೆ ಬರೆದ ಚಿತ್ರಗಳು ಹೀಗೆ ಕೆತ್ತಿಸಿಕೊಂಡು ಹಾಳಾಗಿ ಬಂದವು. ಅದನ್ನು ನೋಡಿ ಅವರಿಗೆ ತಡೆಯಲಾಗಲಿಲ್ಲ. ಇಂಗ್ಲೆಂಡಿನಿಂದ ಕ್ಯಾಮೆರಾ ಮತ್ತು ಬೇಕಾದ ಸಾಮಾನು ತರಿಸಿದರು. ಪುಸ್ತಕ ಓದಿ, ಮನೆಯಲ್ಲೇ ಪ್ರಯೋಗ ಮಾಡಿ ಹಾಫ್‌ಟೋನ್ ಬ್ಲಾಕ್, ಅಂದರೆ ಚಿತ್ರವನ್ನು ಚುಕ್ಕಿಗಳಾಗಿ ಅಚ್ಚು ಮಾಡುವ ತಗಡು, ಮಾಡುವುದನ್ನು ಕಲಿತರು. 1895ರಲ್ಲಿ ಕಲ್ಕತ್ತದಲ್ಲಿ ಶುರುವಾದ ಆ ಕೆಲಸವೇ ಮುಂದೆ ಯು. ರಾಯ್ ಅಂಡ್ ಸನ್ಸ್ ಆಯಿತು. ಹಾಫ್‌ಟೋನ್ ಬಗ್ಗೆ ಅವರು ಬರೆದ ಲೇಖನಗಳು ಅಚ್ಚಿನ ಕಸುಬಿಗೇ ಮೀಸಲಾದ ಲಂಡನ್ನಿನ ಪೆನ್‌ರೋಸ್ ವಾರ್ಷಿಕದಲ್ಲಿ ಬಂದವು.

ಸುಕುಮಾರ್ ಹುಟ್ಟಿದ್ದು 1887ರ ಅಕ್ಟೋಬರ್ 30ರಂದು. ಅಂದರೆ ಮನೆಯಲ್ಲಿ ಈ ಪ್ರಯೋಗ ನಡೆಯುವಾಗ ಅವರು ಚಿಕ್ಕ ಹುಡುಗ. ಪ್ರೆಸಿಡೆನ್ಸಿ ಕಾಲೇಜಿನಲ್ಲಿ ಫಿಸಿಕ್ಸು, ಕೆಮಿಸ್ಟ್ರಿ ಎರಡರಲ್ಲೂ ಆನರ್ಸ್ ಮಾಡಿದರು. ಅದೇ ವಯಸ್ಸಿನಲ್ಲಿ ಗೆಳೆಯರನ್ನು ಕಟ್ಟಿಕೊಂಡು ನಾನ್‌ಸೆನ್ಸ್ ಕ್ಲಬ್ ಅಂತ ಒಂದು ಕೂಟ, ಅದಕ್ಕೆ ನಾಟಕ, ಅದಕ್ಕೊಂದು ಕೈಬರಹದ ಪತ್ರಿಕೆ. 1911ರಲ್ಲಿ ವಿದ್ಯಾರ್ಥಿವೇತನ ಸಿಕ್ಕಿ ಇಂಗ್ಲೆಂಡಿಗೆ ಹೋದರು. ಲಂಡನ್ನಿನ ಫೋಟೋ ಎನ್‌ಗ್ರೇವಿಂಗ್ ಮತ್ತು ಲಿಥೋಗ್ರಫಿ ಶಾಲೆಯಲ್ಲಿ, ಆಮೇಲೆ ಮ್ಯಾಂಚೆಸ್ಟರಿನ ಟೆಕ್ನಾಲಜಿ ಶಾಲೆಯಲ್ಲಿ ಕಲಿತರು. ಚಿತ್ರಕಲೆಯ ಶಾಲೆಗೆ ಮಾತ್ರ ಎಲ್ಲೂ ಹೋಗಲಿಲ್ಲ. ಚಿತ್ರ ಅಚ್ಚಾಗುವುದು ಹೇಗೆ ಅಂತ ಕಲಿತ ಮನುಷ್ಯ ಚಿತ್ರ ಬರೆಯುವುದನ್ನು ತಾನೇ ಕಲಿತುಕೊಂಡ. ನನಗೆ ಇದು ತುಂಬಾ ಮುಖ್ಯ ಅನ್ನಿಸುತ್ತದೆ.

ಅವರು ಅಲ್ಲಿರುವಾಗಲೇ, 1913ರ ಮೇ ತಿಂಗಳಲ್ಲಿ, ತಂದೆ 'ಸಂದೇಶ್' ಅನ್ನುವ ಮಕ್ಕಳ ಪತ್ರಿಕೆ ಶುರು ಮಾಡಿದರು. ಮಗ ವಾಪಸ್ ಬಂದು ಕೈ ಜೋಡಿಸಿದರು. 1915ರ ಡಿಸೆಂಬರಿನಲ್ಲಿ ತಂದೆ ತೀರಿಕೊಂಡರು. 28ರ ಹುಡುಗನ ಮೇಲೆ ಪ್ರೆಸ್ಸು, ಪತ್ರಿಕೆ, ದೊಡ್ಡ ಸಂಸಾರ ಮೂರೂ ಬಿದ್ದವು. 'ಆಬೋಲ್ ತಾಬೋಲ್' ಪುಸ್ತಕದ ಪದ್ಯಗಳು, 'ಹ-ಜ-ಬ-ರ-ಲ' ಕಥೆ, ಪಾಗ್ಲಾ ದಾಶು ಅನ್ನುವ ತರಲೆ ಹುಡುಗನ ಕಥೆಗಳು, ವಿಜ್ಞಾನದ ಪುಟ್ಟ ಲೇಖನಗಳು, ಬಹುಪಾಲು ತಿಂಗಳು ತಿಂಗಳೂ ಆ ಪತ್ರಿಕೆಯ ಪುಟ ತುಂಬಿಸಲು ಬಂದವು.

ಈಗ ಒಂದು ಚಿತ್ರ ನೋಡೋಣ. ಚಂಡೀದಾಸನ ಚಿಕ್ಕಪ್ಪ ಒಂದು ಯಂತ್ರ ಕಂಡುಹಿಡಿದ ಪದ್ಯ ಇದೆಯಲ್ಲ, ಅದು. ಒಂದು ವರ್ಷದ ಕೂಸಾಗಿದ್ದಾಗಲೇ ಈ ಚಿಕ್ಕಪ್ಪ 'ಗುಂಗಾ' ಅಂತ ಕಿರುಚಿದನಂತೆ. ಬೇರೆ ಕೂಸುಗಳು ಮಾಮಾ ಅನ್ನುವಾಗ ಇವನು ಹೀಗಂದನಲ್ಲ, ದೊಡ್ಡ ಮನುಷ್ಯ ಆಗುತ್ತಾನೆ ಅಂತ ಊರವರು ಆಗಲೇ ಹೇಳಿದ್ದರು. ಅವನ ಯಂತ್ರ ಕಟ್ಟಿಕೊಂಡರೆ 5 ಗಂಟೆಯ ದಾರಿ ಒಂದೂವರೆ ಗಂಟೆಗೆ ಮುಗಿಯುತ್ತದೆ. ಹೇಗೆ ಅಂದರೆ, ಮೈಗೆ ಬಿಗಿದ ಯಂತ್ರದಿಂದ ಮುಖದ ಮುಂದೆ ತಿಂಡಿ ನೇತಾಡುತ್ತದೆ. ಮಿಠಾಯಿ, ಕಟ್ಲೆಟ್, ಲೂಚಿ, ಯಾರಿಗೆ ಏನು ಇಷ್ಟವೋ ಅದು. ತಿನ್ನಬೇಕು ಅಂತ ಮುಂದೆ ಹೋದಷ್ಟೂ ಅದೂ ಮುಂದೆ ಹೋಗುತ್ತದೆ. ಪದ್ಯ ಕೇಳಿದರೆ ನಗು ಬರುತ್ತದೆ. ಚಿತ್ರ ನೋಡಿದರೆ ಆ ಯಂತ್ರ ಕೆಲಸ ಮಾಡುತ್ತದೆ ಅಂತ ನಂಬಿಕೆ ಬರುತ್ತದೆ! ಭಾರ ಎಲ್ಲಿ ಕೂರಬೇಕು, ಕೋಲು ಎಲ್ಲಿಂದ ಚಾಚಬೇಕು ಅನ್ನುವುದು ಗೊತ್ತಿರುವವನು ಬರೆದ ಚಿತ್ರ ಅದು.

ನಿಮಗೆ ಹೇಗೆ ಅನ್ನಿಸುತ್ತದೆ?

ಓದುಹುಳು

ಒಳ್ಳೆ ವಿಷಯ ತೆಗೆದಿದ್ದೀರಿ. ಆದರೆ ಒಂದು ತಕರಾರು. ಇದನ್ನೆಲ್ಲ ಇಂಗ್ಲೆಂಡಿನ ಎಡ್ವರ್ಡ್ ಲಿಯರ್ ಮೊದಲೇ ಮಾಡಿದ್ದರಲ್ವಾ? ಅವರ ನಾನ್‌ಸೆನ್ಸ್ ಪುಸ್ತಕ ಬಂದದ್ದು 1846ರಲ್ಲಿ. ಪದ್ಯವೂ ಅವರದೇ, ಚಿತ್ರವೂ ಅವರದೇ. ಇನ್ನು 'ಹ-ಜ-ಬ-ರ-ಲ' ಓದಿದರೆ ಲೂಯಿಸ್ ಕ್ಯಾರಲ್ ಅವರ ಆಲಿಸ್ ಎದ್ದು ಕಾಣುತ್ತಾಳೆ. ನಿದ್ದೆ, ವಿಚಿತ್ರ ಪ್ರಾಣಿಗಳು, ಕೊನೆಗೆ ಒಂದು ಕೋರ್ಟು. ಸುಕುಮಾರ್ ಇಬ್ಬರನ್ನೂ ಓದಿ ಅರಗಿಸಿಕೊಂಡವರು ಅನ್ನುವುದು ಒಪ್ಪೋಣ. ಹೊಸದು ಅಂತ ಹೇಳುವುದು ಯಾವುದನ್ನು?

ಪುಟಗಳನಡುವೆ

ಓದುಹುಳು ಅವರೇ, ಓದಿದ್ದರು, ಅದರಲ್ಲಿ ಅನುಮಾನವೇ ಇಲ್ಲ. ಆದರೆ ಬೀಜ ಎಲ್ಲಿಂದಲೋ ಬಂತು ಅಂದ ಮಾತ್ರಕ್ಕೆ ಗಿಡ ಅಲ್ಲಿಯದಾಗುವುದಿಲ್ಲ.

ಆ ಕೋರ್ಟನ್ನೇ ನೋಡಿ. ವಾದ, ಸಾಕ್ಷಿ, ಲೆಕ್ಕ ಎಲ್ಲವೂ ಕಲ್ಕತ್ತದ ಕಚೇರಿಯ ವಾಸನೆ ಹೊಡೆಯುತ್ತದೆ. ಕಾಕೇಶ್ವರ ಅನ್ನುವ ಕಾಗೆ ಸ್ಲೇಟು ಹಿಡಿದು ಲೆಕ್ಕ ಮಾಡುತ್ತದೆ, ಏಳೆರಡಲೆ ಹದಿನಾಲ್ಕು ಬರೆದು ಕೈಯಲ್ಲಿ ಉಳಿದದ್ದು ಪೆನ್ಸಿಲ್ ಅನ್ನುತ್ತದೆ. ಇದು ನಮ್ಮ ಕಡೆ ಶಾಲೆಯಲ್ಲಿ ಮಗ್ಗಿ ಬಾಯಿಪಾಠ ಮಾಡಿದವರಿಗೆ ಮಾತ್ರ ಹೊಳೆಯುವ ತಮಾಷೆ. ಇನ್ನೊಂದು ಪದ್ಯದಲ್ಲಿ ಮೀಸೆ ಕಳವಾಯಿತು ಅಂತ ಕೂಗಾಡುವ ಹೆಡ್ ಆಫೀಸಿನ ದೊಡ್ಡ ಬಾಬು ಇದ್ದಾನಲ್ಲ, ಅವನು ಲಿಯರ್ ಊರಿನವನಲ್ಲ. ಮುಖದ ಮೇಲೇ ಮೀಸೆ ಇದೆ ಅಂತ ಕನ್ನಡಿ ತೋರಿಸಿದರೆ, ಇಂಥ ಪೊರಕೆ ಮೀಸೆ ನನ್ನದಲ್ಲ, ಶ್ಯಾಮಬಾಬುವಿನ ಮನೆಗೆ ಹಾಲು ಹಾಕುವವನದು ಅಂತ ರೇಗುತ್ತಾನೆ. ಆ ದರ್ಪ ಕಲ್ಕತ್ತದ್ದು.

ಇನ್ನೊಂದು ಮಾತು. ಕ್ಯಾರಲ್ ಅವರ ಪುಸ್ತಕಕ್ಕೆ ಚಿತ್ರ ಬರೆದವರು ಜಾನ್ ಟೆನಿಯಲ್. ಇಬ್ಬರ ಕೆಲಸ ಅದು. ಲಿಯರ್ ಹಕ್ಕಿಗಳ ಚಿತ್ರ ಬರೆದು ಜೀವನ ಮಾಡಿದ ಕಲಾವಿದ. ಸುಕುಮಾರ್ ಎರಡೂ ಥರದವರಲ್ಲ. ಪುಟ ಪ್ರೆಸ್ಸಿನಿಂದ ಹೊರಗೆ ಬರುವವರೆಗೂ ಏನಾಗುತ್ತದೆ ಅಂತ ಗೊತ್ತಿದ್ದವರು. ನಾನು ಹೊಸದು ಅನ್ನುವುದು ಇದನ್ನು.

ಮಸಿಗೈ

ಅಚ್ಚಿನ ಮಾತು ಬಂತು, ಸುಮ್ನೆ ಇರಲು ಆಗುವುದಿಲ್ಲ. ಅಚ್ಚುಮೊಳೆ, ಅಂದರೆ ಲೋಹದ ಬಿಡಿ ಅಕ್ಷರ, ಜೋಡಿಸುವ ಕಾಲದ ಪ್ರೆಸ್ಸಿನಲ್ಲಿ ನಾನು ಕೆಲಸ ಮಾಡಿದವನು. ಬ್ಲಾಕಿನ ಬಗ್ಗೆ ಸ್ವಲ್ಪ ಹೇಳುತ್ತೇನೆ, ಉದ್ದ ಆಗುತ್ತದೆ, ಓದಿ.

ಬ್ಲಾಕಿನಲ್ಲಿ ಎರಡು ಜಾತಿ. ಒಂದು ಲೈನ್ ಬ್ಲಾಕ್. ಬಿಳಿ ಹಾಳೆಯ ಮೇಲೆ ಕಪ್ಪು ಮಸಿಯಲ್ಲಿ ಬರೆದ ಗೆರೆಯ ಚಿತ್ರಕ್ಕೆ ಇದು. ಚಿತ್ರದ ಫೋಟೋ ತೆಗೆದು, ಅದನ್ನು ಸತುವಿನ ತಗಡಿನ ಮೇಲೆ ಮೂಡಿಸಿ, ಆಸಿಡ್ಡಿಗೆ ಹಾಕುತ್ತಾರೆ. ಗೆರೆ ಇಲ್ಲದ ಜಾಗವನ್ನೆಲ್ಲ ಆಸಿಡ್ ತಿನ್ನುತ್ತದೆ. ಗೆರೆ ಮಾತ್ರ ಎತ್ತರಕ್ಕೆ ಉಳಿಯುತ್ತದೆ. ರೋಲರ್ ಆಡಿಸಿದಾಗ ಮಸಿ ಆ ಎತ್ತರದ ಮೇಲೆ ಕೂರುತ್ತದೆ.

ಇನ್ನೊಂದು ಹಾಫ್‌ಟೋನ್. ಫೋಟೋ, ನೀರುಬಣ್ಣದ ಚಿತ್ರ, ಇಂಥವುಗಳಲ್ಲಿ ಕಪ್ಪು ಬಿಳುಪಿನ ನಡುವೆ ಬೂದು ಇರುತ್ತದೆ. ಪ್ರೆಸ್ಸಿಗೆ ಬೂದು ಗೊತ್ತಿಲ್ಲ. ಮಸಿ ಬೀಳುತ್ತದೆ ಅಥವಾ ಬೀಳುವುದಿಲ್ಲ, ಅಷ್ಟೇ. ಅದಕ್ಕೆ ಕ್ಯಾಮೆರಾದೊಳಗೆ ಅಡ್ಡ ಗೆರೆ, ಉದ್ದ ಗೆರೆ ಕೊರೆದ ಗಾಜಿನ ಸ್ಕ್ರೀನ್ ಇಟ್ಟು ಫೋಟೋ ತೆಗೆಯುತ್ತಾರೆ. ಚಿತ್ರ ಸಣ್ಣ ದೊಡ್ಡ ಚುಕ್ಕಿಗಳಾಗಿ ಒಡೆಯುತ್ತದೆ. ಚುಕ್ಕಿ ದೊಡ್ಡದಿದ್ದ ಕಡೆ ಕಪ್ಪು, ಸಣ್ಣದಿದ್ದ ಕಡೆ ತಿಳಿ. ದೂರದಿಂದ ನೋಡಿದರೆ ಕಣ್ಣಿಗೆ ಬೂದು. ಸ್ಕ್ರೀನಿಗೂ ಅದರ ಹಿಂದಿನ ಫೋಟೋ ಪ್ಲೇಟಿಗೂ ಎಷ್ಟು ಅಂತರ, ಲೆನ್ಸಿನ ಕಿಂಡಿ ಎಷ್ಟು ತೆರೆದಿರಬೇಕು, ಎಷ್ಟು ಹೊತ್ತು ಬೆಳಕು ಬಿಡಬೇಕು ಅನ್ನುವುದೇ ಇದರ ಕಷ್ಟ. ಅಪ್ಪ ಮಗ ಇಬ್ಬರೂ ತಲೆ ಕೆಡಿಸಿಕೊಂಡದ್ದು ಈ ಲೆಕ್ಕಕ್ಕೆ. ಮಗನ ಲೇಖನಗಳೂ ಪೆನ್‌ರೋಸ್ ವಾರ್ಷಿಕದಲ್ಲಿ, ಬ್ರಿಟಿಷ್ ಫೋಟೋಗ್ರಫಿ ಪತ್ರಿಕೆಯಲ್ಲಿ ಬಂದಿವೆ. 1922ರಲ್ಲಿ ಅವರು ಇಂಗ್ಲೆಂಡಿನ ರಾಯಲ್ ಫೋಟೋಗ್ರಫಿಕ್ ಸೊಸೈಟಿಯ ಫೆಲೋ ಆದರು.

ಇಷ್ಟು ಹೇಳಿದ್ದು ಯಾಕೆ ಅಂದರೆ, ನನಗೆ ಒಂದು ವಿಷಯ ಆಶ್ಚರ್ಯ. ಹಾಫ್‌ಟೋನಿನಲ್ಲಿ ಅಷ್ಟು ಪಳಗಿದ ಮನುಷ್ಯ ಆಬೋಲ್ ತಾಬೋಲ್ ಚಿತ್ರಗಳನ್ನು ಬರೆದದ್ದು ಗೆರೆಯಲ್ಲಿ! ಬೂದು ಬಣ್ಣದ ಮೋಹಕ್ಕೆ ಬೀಳಲೇ ಇಲ್ಲ. ನೆರಳು ಬೇಕಾದ ಕಡೆ ಪೆನ್ನಿನಲ್ಲಿ ಸಣ್ಣ ಸಣ್ಣ ಗೀಟು.

ಪ್ರೆಸ್ಸಿನವನ ಕಣ್ಣಿಗೆ ಇದರ ಕಾರಣ ತಕ್ಷಣ ಕಾಣುತ್ತದೆ. ನಯವಾದ ಹಾಫ್‌ಟೋನಿಗೆ ನುಣುಪಾದ ಆರ್ಟ್ ಪೇಪರ್ ಬೇಕು. ಒರಟು ಕಾಗದದ ಮೇಲೆ ಚುಕ್ಕಿಗಳು ಒಂದಕ್ಕೊಂದು ಅಂಟಿ ಕೊಳೆಯಾಗುತ್ತದೆ. ಅದಕ್ಕೇ ಬಣ್ಣದ ಚಿತ್ರಗಳನ್ನು ಬೇರೆ ಹಾಳೆಯಲ್ಲಿ ಅಚ್ಚು ಮಾಡಿ ಪುಸ್ತಕದ ನಡುವೆ ಸೇರಿಸುತ್ತಿದ್ದರು. ಲೈನ್ ಬ್ಲಾಕಿಗೆ ಈ ತಾಪತ್ರಯ ಇಲ್ಲ. ಅದೂ ಮೊಳೆಯ ಎತ್ತರಕ್ಕೇ ಬರುತ್ತದೆ. ಪದ್ಯದ ಮೊಳೆಗಳ ಪಕ್ಕದಲ್ಲೇ ಇಟ್ಟು, ಒಂದೇ ಚೌಕಟ್ಟಿನಲ್ಲಿ ಬಿಗಿದು, ಒಂದೇ ಏಟಿಗೆ ಅಚ್ಚು ಹಾಕಬಹುದು. ಸಾಲಿಗೆ ಅಂಟಿಕೊಂಡೇ ಚಿತ್ರ. ಓದುವ ಮಗುವಿನ ಕಣ್ಣು ಪುಟ ತಿರುವಿ ಹುಡುಕಬೇಕಾಗಿಲ್ಲ.

ಪುಟಗಳನಡುವೆ ಅವರು ಹೇಳಿದ ಮಾತು ನೂರಕ್ಕೆ ನೂರು ನಿಜ. ಪದ್ಯ ಮತ್ತು ಚಿತ್ರ ಒಂದೇ ಮಸಿಯಲ್ಲಿ, ಒಂದೇ ಒತ್ತಿನಲ್ಲಿ ಬಂದವು.

ಬಣ್ಣದಮೇಷ್ಟ್ರು

ಮಸಿಗೈ ಸರ್, ಬಹಳ ಚೆನ್ನಾಗಿ ಹೇಳಿದಿರಿ. ಸ್ಕ್ರೀನ್ ಬಗ್ಗೆ ಇಷ್ಟು ಸುಲಭವಾಗಿ ಯಾರೂ ಬಿಡಿಸಿ ಹೇಳಿದ್ದನ್ನು ನಾನು ಕೇಳಿರಲಿಲ್ಲ.

ನಾನು ಮಕ್ಕಳಿಗೆ ಡ್ರಾಯಿಂಗ್ ಹೇಳಿಕೊಡುತ್ತೇನೆ. ಅವರ ಚಿತ್ರಗಳನ್ನು ತೋರಿಸುತ್ತಲೇ ಇರುತ್ತೇನೆ. ಕೆಲವು ಕಡೆ ಕೈಕಾಲು ಅಳತೆಗೆ ಸರಿಯಾಗಿಲ್ಲ ಅನ್ನಿಸುತ್ತದೆ. ಕಲಿತ ಕೈ ಅಲ್ಲ ಅಂತ ಗೊತ್ತಾಗುತ್ತದೆ. ಆದರೆ ಅದು ಕೊರತೆ ಅಂತ ಯಾವ ಮಗುವೂ ಇದುವರೆಗೆ ನನಗೆ ಹೇಳಿಲ್ಲ. ಮೈಯ ಭಾರ, ನಿಲ್ಲುವ ಭಂಗಿ, ಮುಖದ ಸಿಡುಕು, ಇವು ಅಷ್ಟು ಸರಿಯಾಗಿ ಬಂದಿವೆ.

'ಖಿಚುಡಿ' ಪದ್ಯದ ಪ್ರಾಣಿಗಳನ್ನು ತೆಗೆದುಕೊಳ್ಳಿ. ಸಂದೇಶ್‌ನಲ್ಲಿ ಬಂದ ಆಬೋಲ್ ತಾಬೋಲ್ ಸರಣಿಯ ಮೊದಲ ಪದ್ಯ ಅದು. ಬಾತುಕೋಳಿ ಮತ್ತು ಮುಳ್ಳುಹಂದಿ ಸೇರಿ ಒಂದು ಪ್ರಾಣಿ. ಕೊಕ್ಕರೆ ಆಮೆ ಸೇರಿ ಇನ್ನೊಂದು. ಆನೆ ಮತ್ತು ತಿಮಿಂಗಿಲ ಸೇರಿ ಮತ್ತೊಂದು, ಅದಕ್ಕೆ ಕಾಡಿಗೆ ಹೋಗಲೋ ನೀರಿಗೆ ಹೋಗಲೋ ಅನ್ನುವ ಸಂಕಟ. ಕೊಂಬಿಲ್ಲ ಅಂತ ಕೊರಗುತ್ತಿದ್ದ ಸಿಂಹಕ್ಕೆ ಜಿಂಕೆ ಸೇರಿಕೊಂಡು ಕೊಂಬು ಬಂತು. ಎರಡು ಪ್ರಾಣಿಗಳನ್ನು ಅಂಟಿಸುವುದು ಯಾರಿಗೂ ಬರುತ್ತದೆ, ನನ್ನ ತರಗತಿಯ ಮಕ್ಕಳೂ ಮಾಡುತ್ತಾರೆ. ಆದರೆ ಕತ್ತರಿಸಿ ಅಂಟಿಸಿದ ಹಾಗೆ ಕಾಣುತ್ತದೆ. ಸುಕುಮಾರ್ ಚಿತ್ರದಲ್ಲಿ ಬಾತುಕೋಳಿಯ ಕುತ್ತಿಗೆ ಮುಗಿದು ಮುಳ್ಳು ಶುರುವಾಗುವ ಜಾಗವನ್ನು ಗಮನವಿಟ್ಟು ನೋಡಿ. ಅಲ್ಲಿ ಹೊಲಿಗೆ ಕಾಣುವುದಿಲ್ಲ. ಹುಟ್ಟಿದಾಗಿನಿಂದ ಹೀಗೇ ಇದ್ದೆ ಅನ್ನುವ ಹಾಗೆ ಪ್ರಾಣಿ ನೆಮ್ಮದಿಯಾಗಿ ನಿಂತಿದೆ.

ಇದು ವಿಜ್ಞಾನ ಓದಿದ ತಲೆ. ಸಂದೇಶ್‌ಗೆ ಪ್ರಾಣಿಗಳ ಬಗ್ಗೆ, ಯಂತ್ರಗಳ ಬಗ್ಗೆ ನಿಜವಾದ ಲೇಖನಗಳನ್ನೂ ಅವರೇ ಬರೆಯುತ್ತಿದ್ದರು. ಈ ತಿಂಗಳು ಇರುವ ಪ್ರಾಣಿ, ಮುಂದಿನ ತಿಂಗಳು ಇಲ್ಲದ ಪ್ರಾಣಿ. ಎರಡನ್ನೂ ಅದೇ ಗಂಭೀರವಾದ ಕೈಯಲ್ಲಿ ಬರೆದರು.

ಕಾವೇರಿತೀರ

ಎಲ್ಲರೂ ಮಕ್ಕಳು ಮಕ್ಕಳು ಅನ್ನುತ್ತಿದ್ದೀರಿ. 'ಏಕುಶೇ ಆಯಿನ್', ಅಂದರೆ ಇಪ್ಪತ್ತೊಂದರ ಕಾನೂನು, ಅನ್ನುವ ಪದ್ಯ ಓದಿ ನೋಡಿ. ಶಿವನ ಸ್ವಂತ ಊರಿನಲ್ಲಿ ಕಾನೂನು ಎಲ್ಲಾ ವಿಪರೀತ. ಕಾಲು ಜಾರಿ ಬಿದ್ದರೆ ಪೊಲೀಸ್ ಹಿಡಿಯುತ್ತಾನೆ, 21 ರೂಪಾಯಿ ದಂಡ. ಸಂಜೆ ಆರಕ್ಕೆ ಮೊದಲು ಸೀನಬೇಕಾದರೆ ಟಿಕೆಟ್ ಬೇಕು. ಬ್ರಿಟಿಷರ ಆಡಳಿತದಲ್ಲಿ, ರೌಲಟ್ ಕಾಯಿದೆಯ ಆಸುಪಾಸಿನಲ್ಲಿ ಇಂಥದ್ದು ಬರೆಯುವುದು ಸುಮ್ನೆ ತಮಾಷೆಗೆ ಅಂತ ನನಗೆ ಅನ್ನಿಸುವುದಿಲ್ಲ. ಇನ್ನೊಂದು ಪದ್ಯದಲ್ಲಿ ಮಾವಿನ ಹಪ್ಪಳಕ್ಕೆ ಚಿತ್ರದ ಚೌಕಟ್ಟು ಹಾಕಿಸಿ ಇಡುವ ಬೊಂಬಾಗಡದ ರಾಜನೂ ಹಾಗೇ. ಅಧಿಕಾರದಲ್ಲಿ ಇರುವವರ ಹುಚ್ಚಾಟವನ್ನು ಬಯಲು ಮಾಡುವ ಪದ್ಯಗಳು ಇವು. ಮಕ್ಕಳ ಸಾಹಿತಿ ಅಂತ ಒಂದು ಮೂಲೆಗೆ ಕೂರಿಸುವುದು ಅನ್ಯಾಯ.

ಪುಟಗಳನಡುವೆ

ಕಾವೇರಿತೀರ ಅವರೇ, ಆ ಓದು ಇದೆ, ಬಂಗಾಳಿಯಲ್ಲಿ ಬಹಳ ಜನ ಹಾಗೇ ಓದುತ್ತಾರೆ. ಆ ದಂಡ, ಆ ಟಿಕೆಟ್ಟು ಗಾಳಿಯಿಂದ ಬಂದದ್ದಲ್ಲ, ಒಪ್ಪುತ್ತೇನೆ. ಒಂದಕ್ಕೆ ಮಾತ್ರ ನನ್ನ ತಕರಾರು. ಮಕ್ಕಳ ಸಾಹಿತಿ ಅಂದರೆ ಮೂಲೆ ಯಾಕಾಗಬೇಕು? ಸಂದೇಶ್ ಓದುತ್ತಿದ್ದ ಮಗುವಿಗೆ ದಂಡ ಹಾಕುವ ಮನುಷ್ಯ ಎಂಥವನು ಅಂತ ಚೆನ್ನಾಗಿ ಗೊತ್ತಿತ್ತು. ಶಾಲೆಯಲ್ಲಿ ಒಬ್ಬ, ಮನೆಯಲ್ಲಿ ಒಬ್ಬ. ಅದರ ಒಳಗೆ ಇನ್ನೊಂದು ಅರ್ಥ ಇದೆ ಅಂತ ದೊಡ್ಡವರು ಹೇಳಿದರೆ ಮಾತ್ರ ಪದ್ಯಕ್ಕೆ ಬೆಲೆ ಬರುತ್ತದೆ ಅನ್ನುವುದು ಸರಿಯಲ್ಲ. ಅವರು ತಮ್ಮ ಶಕ್ತಿಯನ್ನೆಲ್ಲ ಮಕ್ಕಳ ಪತ್ರಿಕೆಗೆ ಸುರಿದರು. ದೊಡ್ಡವರ ಜೊತೆ ದೊಡ್ಡ ಮಾತಾಡಲು ಬರುತ್ತಿರಲಿಲ್ಲ ಅಂತ ಅಲ್ಲ. 1913ರಲ್ಲಿ ಲಂಡನ್ನಿನ ಸಭೆಯಲ್ಲಿ ಟಾಗೋರ್ ಬಗ್ಗೆ ಇಂಗ್ಲಿಷಿನಲ್ಲಿ ಪ್ರಬಂಧ ಓದಿದವರು. ಕಲ್ಕತ್ತದಲ್ಲಿ ಅವರು ನಡೆಸಿದ ಮಂಡೇ ಕ್ಲಬ್ಬಿಗೆ ಸಂಖ್ಯಾಶಾಸ್ತ್ರದ ಪ್ರಶಾಂತಚಂದ್ರ ಮಹಲನೋಬಿಸ್, ಭಾಷಾಶಾಸ್ತ್ರದ ಸುನೀತಿಕುಮಾರ್ ಚಟರ್ಜಿ ಅಂಥವರು ಬರುತ್ತಿದ್ದರು. ಆದರೂ ಮಕ್ಕಳ ಪುಟವನ್ನೇ ಆರಿಸಿಕೊಂಡರು.

ಕಾವೇರಿತೀರ

ಮೂಲೆ ಅನ್ನುವುದು ನನ್ನ ಮಾತಲ್ಲ, ಸಾಹಿತ್ಯ ಚರಿತ್ರೆ ಬರೆಯುವವರ ಅಭ್ಯಾಸ. ಅದನ್ನೇ ಹೇಳಿದ್ದು. ನೀವು ಹೇಳಿದ್ದು ಸರಿ, ಆದರೂ ದಂಡದ ಪದ್ಯವನ್ನು ನಾನು ಹಾಗೇ ಓದುವುದು.

ಸುಧಾರಸ

ಒಂದು ಹೆಸರು ಬಿಟ್ಟುಹೋಗುತ್ತಿದೆ. ಅಕ್ಕ ಸುಖಲತಾ ರಾವ್. ಅವರೂ ಮಕ್ಕಳಿಗೆ ಬರೆದರು, ಅವರೂ ಚಿತ್ರ ಬಿಡಿಸಿದರು. ಮದುವೆಯಾಗಿ ಕಟಕ್‌ಗೆ ಹೋದರು, ಒಡಿಯಾ ಕವಿ ಮಧುಸೂದನ ರಾವ್ ಅವರ ಸೊಸೆಯಾಗಿ. ತಂಗಿ ಪುಣ್ಯಲತಾ ಚಕ್ರವರ್ತಿ ತಮ್ಮ ಬಾಲ್ಯದ ನೆನಪುಗಳನ್ನು ಬರೆದಿದ್ದಾರೆ. ಆ ಮನೆ ಹೇಗಿತ್ತು ಅಂತ ನಮಗೆ ಇಷ್ಟು ವಿವರವಾಗಿ ಗೊತ್ತಿರುವುದು ಅವರಿಂದಲೂ. ಲೇಖಕಿ ಲೀಲಾ ಮಜುಂದಾರ್ ಇವರಿಗೆ ಚಿಕ್ಕಪ್ಪನ ಮಗಳು. ಇಷ್ಟು ಜನ ಹೆಣ್ಣುಮಕ್ಕಳು ಬರೆದ ಮನೆಯ ಕಥೆಯನ್ನು ಅಜ್ಜ, ಅಪ್ಪ, ಮಗ ಅಂತ ಮೂರೇ ಹೆಸರಿನಲ್ಲಿ ಮುಗಿಸಿಬಿಡುತ್ತೇವೆ. ಅದು ಸರಿಯಲ್ಲ ಅನ್ನಿಸುತ್ತದೆ.

ಪುಟಗಳನಡುವೆ

ಖಂಡಿತ ಸುಧಾರಸ ಮೇಡಂ. ಸುಖಲತಾ ಅವರ ಚಿತ್ರಗಳಿಗೆ ಬೇರೆಯೇ ಒಂದು ಚರ್ಚೆ ಬೇಕು. ನೀವೇ ಶುರು ಮಾಡಿ, ನಾನು ಬರುತ್ತೇನೆ.

ಶುಶ್ರೂಷೆ

ನಾನು ಆಸ್ಪತ್ರೆಯ ಕೆಲಸದವಳು. ಅವರ ಕೊನೆಯ ವರ್ಷಗಳ ಬಗ್ಗೆ ಓದಿದಾಗಲೆಲ್ಲ ಮನಸ್ಸು ಭಾರವಾಗುತ್ತದೆ.

ಅವರಿಗೆ ಬಂದದ್ದು ಕಾಲಾ ಅಜಾರ್. ಮರಳುನೊಣ ಕಚ್ಚಿ ಹರಡುವ ಜ್ವರ. ಬಿಟ್ಟು ಬಿಟ್ಟು ಜ್ವರ, ಗುಲ್ಮ ಊದಿ ಹೊಟ್ಟೆ ದಪ್ಪ, ರಕ್ತ ಕಡಿಮೆಯಾಗಿ ನಿಶ್ಶಕ್ತಿ. ಔಷಧಿ ಸರಿಯಾಗಿ ಸಿಗದಿದ್ದರೆ ಮನುಷ್ಯ ಉಳಿಯುವುದು ಕಷ್ಟ. 1921ರ ಮೇ 2ರಂದು ಸತ್ಯಜಿತ್ ಹುಟ್ಟಿದರು. ಅದೇ ವರ್ಷ ತಂದೆ ಹಾಸಿಗೆ ಹಿಡಿದರು. ಅದಕ್ಕೂ ಮೊದಲು, 1920ರಲ್ಲಿ, ಅದೇ ಕಲ್ಕತ್ತದಲ್ಲಿ ಡಾಕ್ಟರ್ ಉಪೇಂದ್ರನಾಥ ಬ್ರಹ್ಮಚಾರಿ ಈ ರೋಗಕ್ಕೆ ಯೂರಿಯಾ ಸ್ಟಿಬಮಿನ್ ಅನ್ನುವ ಔಷಧಿ ತಯಾರಿಸಿದ್ದರು. ಮುಂದೆ ಲೆಕ್ಕವಿಲ್ಲದಷ್ಟು ಜನರನ್ನು ಉಳಿಸಿದ ಔಷಧಿ ಅದು. ಊರು ಒಂದೇ, ವರ್ಷಗಳೂ ಹೆಚ್ಚುಕಮ್ಮಿ ಒಂದೇ. ಇದನ್ನು ಬರೆಯುವಾಗಲೂ ಹೊಟ್ಟೆಯಲ್ಲಿ ಸಂಕಟ ಆಗುತ್ತದೆ.

ಸುಮಾರು ಎರಡೂವರೆ ವರ್ಷ ಕಾಯಿಲೆ. ಆ ಸ್ಥಿತಿಯಲ್ಲೂ ಕೆಲಸ ನಿಲ್ಲಿಸಲಿಲ್ಲ. 'ಹ-ಜ-ಬ-ರ-ಲ' ಸಂದೇಶ್‌ನಲ್ಲಿ ಬಂದದ್ದು 1922ರಲ್ಲಿ, ಅಂದರೆ ಜ್ವರದ ನಡುವೆಯೇ. ಓದಿದರೆ ಎಲ್ಲೂ ಗೊತ್ತಾಗುವುದಿಲ್ಲ. ಬೆವರು ಒರೆಸಿಕೊಳ್ಳಲು ಕರವಸ್ತ್ರ ತೆಗೆಯಲು ಹೋದರೆ ಅದು ಬೆಕ್ಕಾಗಿ ಮಿಯಾಂವ್ ಅನ್ನುತ್ತದೆ. ರೋಗಿಯೊಬ್ಬರು ಮಲಗಿಕೊಂಡು ಇದನ್ನು ಯೋಚಿಸಿದರು!

ಸುಕುಮಾರ್ ಅವರನ್ನು ನೋಡಲು ಟಾಗೋರ್ ಬಂದು ಹಾಸಿಗೆಯ ಪಕ್ಕ ಹಾಡಿದ್ದರು. 1923ರ ಸೆಪ್ಟೆಂಬರ್ 10ರಂದು ಸುಕುಮಾರ್ ಹೋದರು. 35 ವರ್ಷ.

ಮಸಿಗೈ

ಮೇಡಂ, ಅದರ ಮುಂದಿನ ಮಾತನ್ನು ನಾನು ಹೇಳುತ್ತೇನೆ. ಆಬೋಲ್ ತಾಬೋಲ್ ಪುಸ್ತಕವಾಗಿ ಹೊರಬಂದದ್ದು ಸೆಪ್ಟೆಂಬರ್ 19ರಂದು. ಒಂಬತ್ತು ದಿನ ತಡ. ಯಾವ ಪುಟದಲ್ಲಿ ಯಾವ ಪದ್ಯ, ಚಿತ್ರ ಎಲ್ಲಿ ಕೂರಬೇಕು, ರಕ್ಷಾಪುಟ ಹೇಗೆ, ಎಲ್ಲವನ್ನೂ ಅವರೇ ಹಾಸಿಗೆಯಲ್ಲಿ ಕೂತು ಮಾಡಿದ್ದರು. ನೋಡಲು ಸಿಕ್ಕಿದ್ದು ಡಮ್ಮಿ ಪ್ರತಿ ಮಾತ್ರ.

ಡಮ್ಮಿ ಅಂದರೆ ಏನು ಅಂತ ಪ್ರೆಸ್ಸಿನ ಹೊರಗಿನವರಿಗೆ ಗೊತ್ತಿರುವುದಿಲ್ಲ. ಪುಸ್ತಕದ ಅಳತೆಗೆ ಹಾಳೆ ಮಡಿಸಿ, ಹೊಲಿದು, ಪುಟ ಪುಟಕ್ಕೂ ಏನು ಎಲ್ಲಿ ಬರಬೇಕು ಅಂತ ಅಂಟಿಸಿ ಮಾಡುವ ಮಾದರಿ. ಪುಸ್ತಕ ಕೈಗೆ ಬಂದಾಗ ಹೇಗಿರುತ್ತದೆ ಅನ್ನುವುದು ಮಾಡಿದವನಿಗೆ ಅಲ್ಲೇ ಗೊತ್ತಾಗುತ್ತದೆ. ಪುಸ್ತಕ ನೋಡದೆ ಹೋದರು ಅಂತ ಎಲ್ಲರೂ ಬರೆಯುತ್ತಾರೆ. ನನಗೆ ಹಾಗನ್ನಿಸುವುದಿಲ್ಲ. ಅವರಂಥ ಪ್ರೆಸ್ಸಿನವರಿಗೆ ಡಮ್ಮಿಯಲ್ಲೇ ಪೂರ್ತಿ ಪುಸ್ತಕ ಕಂಡಿರುತ್ತದೆ.

ಓದುಹುಳು

ಮಸಿಗೈ ಅವರೇ, ಈ ಮಾತಿಗೆ ಧನ್ಯವಾದ.

ಅವರ ಪ್ರೆಸ್ಸು ಆಮೇಲೆ ಏನಾಯಿತು?

ಪುಟಗಳನಡುವೆ

ಕೆಲವೇ ವರ್ಷದಲ್ಲಿ ಮುಚ್ಚಿಹೋಯಿತು. ಗಡ್‌ಪಾರ್ ರಸ್ತೆಯ 100ನೇ ನಂಬರಿನ ಮನೆ ಅದು. ಉಪೇಂದ್ರಕಿಶೋರ್ ಕಟ್ಟಿಸಿದ್ದು. ಪ್ರೆಸ್ಸೂ ಅಲ್ಲೇ, ಸಂಸಾರವೂ ಅಲ್ಲೇ. ಸತ್ಯಜಿತ್ ಹುಟ್ಟಿದ್ದು ಆ ಮನೆಯಲ್ಲಿ. ಮೊಳೆ ಜೋಡಿಸುವವರ ಕೋಣೆಗೂ ಬ್ಲಾಕ್ ಮಾಡುವ ಕೋಣೆಗೂ ಓಡಾಡಿದ್ದು, ಅಲ್ಲಿನ ಟರ್ಪೆಂಟೈನ್ ವಾಸನೆ, ಎಲ್ಲವನ್ನೂ ಅವರು ಬಾಲ್ಯದ ನೆನಪುಗಳಲ್ಲಿ ಬರೆದಿದ್ದಾರೆ. ಪ್ರೆಸ್ಸು ಕೈಬಿಟ್ಟ ಮೇಲೆ ತಾಯಿ ಸುಪ್ರಭಾ ಅವರು ಪುಟ್ಟ ಮಗನನ್ನು ಕರೆದುಕೊಂಡು ಅಣ್ಣತಮ್ಮಂದಿರ ಮನೆಗೆ ಹೋದರು. ಈಗ ಆ ಕಟ್ಟಡದಲ್ಲಿ ಶಾಲೆ ಇದೆ.

ಸಂದೇಶ್ ಕೂಡ ನಿಂತುಹೋಗಿತ್ತು. 1961ರಲ್ಲಿ ಸತ್ಯಜಿತ್, ಕವಿ ಸುಭಾಷ್ ಮುಖೋಪಾಧ್ಯಾಯರ ಜೊತೆ ಸೇರಿ ಮತ್ತೆ ಶುರು ಮಾಡಿದರು. ಆ ಹೊತ್ತಿಗೆ ಅವರು ಜಗತ್ತಿಗೆಲ್ಲ ಗೊತ್ತಿದ್ದ ನಿರ್ದೇಶಕ. ಆದರೂ ಪತ್ರಿಕೆಗೆ ಚಿತ್ರ ಬರೆದರು, ಕಥೆ ಬರೆದರು. ಅವರ ಪತ್ತೇದಾರ ಫೆಲುದಾ ಮೊದಲು ಬಂದದ್ದು ಆ ಪುಟಗಳಲ್ಲೇ. 1987ರಲ್ಲಿ ತಂದೆಯ ಮೇಲೆ ಸಾಕ್ಷ್ಯಚಿತ್ರ ಮಾಡಿದರು.

ರಾತ್ರಿಕಥೆ

ಇಷ್ಟೆಲ್ಲ ಓದಿದ ಮೇಲೆ ಒಂದು ಪ್ರಶ್ನೆ. ಮಗಳಿಗೆ ಆರು ವರ್ಷ. ರಾತ್ರಿ ಅವಳಿಗೆ ಓದಿ ಹೇಳಲು ಸುಕುಮಾರ್ ಅವರ ಪದ್ಯಗಳ ಅನುವಾದ ಒಂದು ತರಿಸಿದ್ದೆ. ಅದರಲ್ಲಿ ಚಿತ್ರಗಳು ಬೇರೆ ಯಾರದೋ. ಕಂಪ್ಯೂಟರಿನಲ್ಲಿ ಬಣ್ಣ ತುಂಬಿದ, ಎಲ್ಲಾ ಮುಖಗಳೂ ಒಂದೇ ಥರ ನಗುವ ಚಿತ್ರಗಳು. ಮಗಳು ನೋಡಿ ಪಕ್ಕಕ್ಕಿಟ್ಟಳು. ಇಲ್ಲಿ ಓದಿದ ಮೇಲೆ ಮೂಲ ಚಿತ್ರಗಳನ್ನು ಹುಡುಕಿ ನೋಡಿದೆ. ಎಷ್ಟೊಂದು ವ್ಯತ್ಯಾಸ! ಹೀಗೆ ಚಿತ್ರ ಬದಲಾಯಿಸಲು ಯಾರ ಅನುಮತಿಯೂ ಬೇಡವಾ?

ಪುಟಗಳನಡುವೆ

ಬೇಡ. ಅವರು ತೀರಿಕೊಂಡು ನೂರು ವರ್ಷ ದಾಟಿದೆ. ಹಕ್ಕುಸ್ವಾಮ್ಯ ಯಾವತ್ತೋ ಮುಗಿದಿದೆ, ಯಾರು ಬೇಕಾದರೂ ಅಚ್ಚು ಮಾಡಬಹುದು. ಹಾಗೆ ಆದದ್ದರಿಂದಲೇ ಕಡಿಮೆ ಬೆಲೆಗೆ ಮನೆ ಮನೆಗೆ ಹೋಗುತ್ತಿದೆ, ಅದು ಒಳ್ಳೆಯದೇ. ಆದರೆ ಮೂಲ ಚಿತ್ರಗಳೂ ಅಷ್ಟೇ ಮುಕ್ತವಾಗಿವೆ! ಅವನ್ನು ಹಾಕಿಕೊಳ್ಳಲು ಯಾರಿಗೂ ಒಂದು ಪೈಸೆ ಕೊಡಬೇಕಾಗಿಲ್ಲ. ಅವನ್ನು ಬಿಟ್ಟು ಹೊಸದಾಗಿ ಬರೆಸಿ ಹಾಕುವುದು ನನಗೆ ಅರ್ಥವೇ ಆಗುವುದಿಲ್ಲ. ಬಣ್ಣ ಇಲ್ಲದಿದ್ದರೆ ಮಕ್ಕಳು ಮುಟ್ಟುವುದಿಲ್ಲ ಅನ್ನುವ ಭಯ ಇರಬೇಕು. ಒಳ್ಳೆ ಗೆರೆ ಸಿಕ್ಕರೆ ಮಕ್ಕಳು ಬಣ್ಣ ಕೇಳುವುದಿಲ್ಲ ಅಂತ ನಾನು ನಂಬಿದ್ದೇನೆ. ಬಣ್ಣದಮೇಷ್ಟ್ರು ಹೇಳಲಿ.

ಮಸಿಗೈ

ಕೊಳ್ಳುವ ಮೊದಲು ಒಂದು ನೋಡಿ. ಮೂಲ ಚಿತ್ರ ಹಾಕಿದ್ದರೂ ಹಳೇ ಪುಸ್ತಕದಿಂದ ಜೆರಾಕ್ಸ್ ಮಾಡಿ, ಅದರಿಂದ ಮತ್ತೆ ಸ್ಕ್ಯಾನ್ ಮಾಡಿ ಹಾಕಿರುತ್ತಾರೆ. ನೆರಳಿನ ಗೀಟುಗಳು ಒಂದಕ್ಕೊಂದು ಸೇರಿ ಕಪ್ಪು ಮುದ್ದೆ ಆಗಿರುತ್ತವೆ. ಗೀಟು ಗೀಟು ಬಿಡಿಯಾಗಿ ಕಾಣುತ್ತಿದ್ದರೆ ಮಾತ್ರ ತಗೊಳ್ಳಿ. ಚಿತ್ರ ತನ್ನ ಪದ್ಯದ ಪಕ್ಕದಲ್ಲೇ ಇರಬೇಕು.

ಬಣ್ಣದಮೇಷ್ಟ್ರು

ಮಕ್ಕಳು ಬಣ್ಣ ಕೇಳುವುದಿಲ್ಲ ಅಂತ ಪೂರ್ತಿ ಹೇಳಲಾರೆ. ಕೆಲವರು ಕೇಳುತ್ತಾರೆ. ಜೆರಾಕ್ಸ್ ಕೊಟ್ಟು ನೀವೇ ತುಂಬಿ ಅನ್ನುತ್ತೇನೆ. ತುಂಬುವಾಗ ಗೆರೆಯನ್ನು ಹತ್ತಿರದಿಂದ ನೋಡುತ್ತಾರೆ, ಅದು ನನಗೆ ಬೇಕಾದದ್ದು.

ರಾತ್ರಿಕಥೆ ಅವರೇ, ಆರು ವರ್ಷಕ್ಕೆ ಎರಡು ಬಾಲದ ಹುಂಕೋಮುಖೋ ಹ್ಯಾಂಗ್ಲಾನಿಂದ ಶುರು ಮಾಡಿ. ಅವನಿಗೆ ದೊಡ್ಡ ಚಿಂತೆ ಹತ್ತಿಕೊಂಡಿದೆ. ನೊಣ ಎಡಕ್ಕೆ ಕೂತರೆ ಎಡಬಾಲದಿಂದ ಹೊಡೆಯಬಹುದು, ಬಲಕ್ಕೆ ಕೂತರೆ ಬಲಬಾಲದಿಂದ. ನಟ್ಟನಡುವೆ ಕೂತರೆ? ಪದ್ಯ ಓದುವ ಮೊದಲು ಚಿತ್ರ ತೋರಿಸಿ, ಯಾಕೆ ಇಷ್ಟು ಸಪ್ಪೆ ಮುಖ ಮಾಡಿಕೊಂಡಿದ್ದಾನೆ ಅಂತ ಕೇಳಿ. ಆಮೇಲೆ ಪದ್ಯ ಓದಿ. ಚಂಡೀದಾಸನ ಚಿಕ್ಕಪ್ಪನ ಯಂತ್ರವನ್ನು ಮಾತ್ರ ಹಿಂದುಮುಂದು ಮಾಡಿ. ಮೊದಲು ಪದ್ಯ ಓದಿ, ಮಗಳ ಕೈಯಲ್ಲೇ ಯಂತ್ರ ಬರೆಸಿ, ಕೊನೆಗೆ ಪುಟ ತೆರೆಯಿರಿ.

'ಹ-ಜ-ಬ-ರ-ಲ' ಇನ್ನೂ ಎರಡು ಮೂರು ವರ್ಷ ಇಟ್ಟುಕೊಳ್ಳಿ. ನಲವತ್ತಾದ ಕೂಡಲೇ ವಯಸ್ಸನ್ನು ಹಿಂದಕ್ಕೆ ತಿರುಗಿಸುವ ಭಾಗಕ್ಕೆ ಸ್ವಲ್ಪ ಲೆಕ್ಕ ಬರಬೇಕು. ಓದುವ ದಿನ ದರ್ಜಿಯ ಅಳತೆ ಟೇಪು ಒಂದು ಪಕ್ಕದಲ್ಲಿರಲಿ. ಮುದುಕ ಟೇಪು ಹಿಡಿದು ಹುಡುಗನ ಎತ್ತರ, ಕೈ, ಎದೆ, ಕುತ್ತಿಗೆ ಎಲ್ಲಾ ಅಳೆಯುತ್ತಾನೆ. ಎಲ್ಲವೂ 26 ಇಂಚು! ನೋಡಿದರೆ ಟೇಪಿನ ಮೇಲಿನ ಅಂಕಿಗಳೆಲ್ಲ ಅಳಿಸಿಹೋಗಿ 26 ಒಂದೇ ಓದಲು ಬರುತ್ತಿರುತ್ತದೆ. ಆ ಸಾಲಿಗೆ ಬಂದಾಗ ಮಗಳನ್ನು ನಿಲ್ಲಿಸಿ ಅಳೆಯಿರಿ.

ರಾತ್ರಿಕಥೆ

ಟೇಪು ಮನೆಯಲ್ಲಿದೆ ಮೇಷ್ಟ್ರೇ. ಮೂಲ ಚಿತ್ರಗಳಿರುವ ಪುಸ್ತಕ ಹುಡುಕುತ್ತೇನೆ. ಸಿಕ್ಕಿದರೆ ಒಂದು ಪುಟದ ಫೋಟೋ ಇಲ್ಲಿ ಹಾಕುತ್ತೇನೆ, ಗೀಟುಗಳು ಸರಿಯಾಗಿ ಬಂದಿವೆಯಾ ಅಂತ ಮಸಿಗೈ ಅವರು ನೋಡಿ ಹೇಳಬೇಕು.